ಮಗು ಮಲಗಿದ ಮೇಲೆ ನೋಡುವವರು ಯಾರು?

ಮಕ್ಕಳಿಗೆ ಮಂಪರು ನೀಡುವ ಮಾರ್ಗಸೂಚಿ: ಸಾತನೂರಿನಿಂದ ಒಂದು ಓದು

ವಯಸ್ಕರೊಬ್ಬರ ಹುಳುಕು ಹಲ್ಲಿಗೆ ಸಿಮೆಂಟ್ ತುಂಬುವಾಗ "ಬಾಯಿ ತೆರೆದಿರಿ, ಅಲ್ಲಾಡಬೇಡಿ" ಎಂದು ವೈದ್ಯರು ಹೇಳಿದರೆ ಸಾಕು. ಮೂರು ವರ್ಷದ ಮಗುವಿಗೆ ಈ ಮಾತು ನಾಟುವುದಿಲ್ಲ. ಹಲ್ಲು ಕೀಳುವುದು, ಗಾಯಕ್ಕೆ ಹೊಲಿಗೆ ಹಾಕುವುದು, ಮುರಿದ ಮೂಳೆಯನ್ನು ಕೂಡಿಸುವುದು ನೋವಿನ ಕೆಲಸಗಳು. ಶ್ರವಣ ಪರೀಕ್ಷೆ, ಹೃದಯದ ಎಕೋ, ಮಿದುಳಿನ ಇ.ಇ.ಜಿ., ಎಂ.ಆರ್.ಐ. ಇವುಗಳಲ್ಲಿ ನೋವೇ ಇಲ್ಲ. ಆದರೂ ಎರಡು ಬಗೆಯ ಕೆಲಸಗಳಿಗೂ ಮಗು ಸ್ವಲ್ಪ ಹೊತ್ತು ಅಲುಗದೆ ಇರಬೇಕು. ಅದಕ್ಕಾಗಿ ಕೊಡುವ ಔಷಧವನ್ನು ನಮ್ಮ ಕಡೆ 'ನಿದ್ದೆ ಔಷಧಿ' ಎನ್ನುತ್ತಾರೆ. ವೈದ್ಯರು 'ಸೆಡೇಷನ್' ಎನ್ನುತ್ತಾರೆ. ಈ ಲೇಖನದಲ್ಲಿ ಅದನ್ನು ಮಂಪರು ಎಂದು ಕರೆಯೋಣ. ನಿದ್ದೆ ಎಂಬ ಹೆಸರು ಏಕೆ ಸಲ್ಲದು ಎಂಬುದು ಮುಂದೆ ತಿಳಿಯುತ್ತದೆ.

ಮಂಪರನ್ನು ಅಪಾಯವಿಲ್ಲದೆ ಕೊಡುವುದು ಹೇಗೆ ಎಂಬ ಬಗ್ಗೆ ಜಗತ್ತಿನಲ್ಲಿ ಅತಿ ಹೆಚ್ಚು ಓದಲಾಗುವ ದಾಖಲೆಗಳಲ್ಲಿ ಒಂದು, ಅಮೆರಿಕದ ಮಕ್ಕಳ ವೈದ್ಯರ ಅಕಾಡೆಮಿ ಮತ್ತು ಮಕ್ಕಳ ದಂತವೈದ್ಯರ ಅಕಾಡೆಮಿ ಜೊತೆಯಾಗಿ ಹೊರಡಿಸಿರುವ ಮಾರ್ಗಸೂಚಿ. ಅದರ 2019ರ ಆವೃತ್ತಿಯನ್ನು ಚಾರ್ಲ್ಸ್ ಕೋಟೆ ಮತ್ತು ಸ್ಟೀಫನ್ ವಿಲ್ಸನ್ ಸಿದ್ಧಪಡಿಸಿದರು; 'ಪೀಡಿಯಾಟ್ರಿಕ್ಸ್' ಪತ್ರಿಕೆಯಲ್ಲಿ ಅದು ಪ್ರಕಟವಾಯಿತು. ನಮ್ಮ ದಂತವೈದ್ಯ ಕಾಲೇಜುಗಳ ವಿದ್ಯಾರ್ಥಿಗಳೂ ಇದನ್ನು ಓದಿಯೇ ಹೊರಬರುತ್ತಾರೆ. ಆದ್ದರಿಂದ ಇದನ್ನು ಪರದೇಶದ ಕಾಗದವೆಂದು ಬದಿಗಿಡುವಂತಿಲ್ಲ. ಹಾಗೆಂದು ಕಣ್ಣುಮುಚ್ಚಿ ಒಪ್ಪುವಂತೆಯೂ ಇಲ್ಲ.

ಕನಕಪುರದಿಂದ ಮಳವಳ್ಳಿಗೆ ಹೋಗುವ ಹೆದ್ದಾರಿಯಲ್ಲಿರುವ ಹೋಬಳಿ ಕೇಂದ್ರ ಸಾತನೂರು. ಇಲ್ಲಿಂದ ತಾಲ್ಲೂಕು ಕೇಂದ್ರ ಕನಕಪುರ ಸುಮಾರು 15 ಕಿಲೋಮೀಟರ್; ಬೆಂಗಳೂರು ಸುಮಾರು 70 ಕಿಲೋಮೀಟರ್. ರೇಷ್ಮೆ, ರಾಗಿ ಬೆಳೆಯುವ ಈ ಸುತ್ತಿನ ಹಳ್ಳಿಗಳ ಮಕ್ಕಳಿಗೂ ಮಂಪರಿಗೂ ಏನು ಸಂಬಂಧ ಎಂದು ನೀವು ಕೇಳಬಹುದು. 2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದ ತಂಡಗಳು ಅಂಗನವಾಡಿ ಮತ್ತು ಶಾಲೆಗಳಿಗೆ ಬಂದು ಮಕ್ಕಳನ್ನು ಪರೀಕ್ಷಿಸುತ್ತವೆ. ಹುಟ್ಟು ಕಿವುಡು, ಹುಟ್ಟಿನಿಂದ ಬಂದ ಹೃದಯದ ದೋಷ, ಹಲ್ಲಿನ ತೊಂದರೆಗಳು ಅವರ ಪಟ್ಟಿಯಲ್ಲಿವೆ. ಅನುಮಾನ ಬಂದ ಮಗುವನ್ನು ದೊಡ್ಡ ಆಸ್ಪತ್ರೆಗೆ ಕಳುಹಿಸುತ್ತಾರೆ. ಅಲ್ಲಿ ಶ್ರವಣ ಪರೀಕ್ಷೆಗೋ ಎಕೋಗೋ ಮಗು ಸುಮ್ಮನಿರದಿದ್ದರೆ ಮಂಪರಿನ ಸಿರಪ್ ಬರುತ್ತದೆ. ಅಂದರೆ ಮಂಪರು ಈಗ ನಗರದ ಮಕ್ಕಳ ವಿಷಯವಾಗಿ ಮಾತ್ರ ಉಳಿದಿಲ್ಲ. ಸಾತನೂರಿನ ಮಗು ಔಷಧ ಕುಡಿಯುವುದು ಬೆಂಗಳೂರಿನಲ್ಲಿ. ಅದು ಇಳಿಯುವುದು ಮಾತ್ರ ಅನೇಕ ವೇಳೆ ಬಸ್ಸಿನಲ್ಲಿ. ಈ ಸಂಗತಿಯನ್ನು ಮನಸ್ಸಿನಲ್ಲಿಟ್ಟುಕೊಂಡು ಮಾರ್ಗಸೂಚಿಯನ್ನು ಓದಿದರೆ ಅದರ ಬಲವೂ ಕೊರತೆಯೂ ಕಾಣುತ್ತವೆ.

ಮೆಟ್ಟಿಲುಗಳಿಲ್ಲದ ಇಳಿಜಾರು

ಮಂಪರಿಗೆ ನಾಲ್ಕು ಹಂತಗಳನ್ನು ಹೇಳಲಾಗುತ್ತದೆ. ಮೊದಲನೆಯದು ಕನಿಷ್ಠ ಮಂಪರು: ಮಗು ಎಚ್ಚರವಾಗಿರುತ್ತದೆ, ಹೆದರಿಕೆ ಮಾತ್ರ ಕಡಿಮೆಯಾಗಿರುತ್ತದೆ. ಎರಡನೆಯದು ಮಧ್ಯಮ ಮಂಪರು: ತೂಕಡಿಸುತ್ತಿದ್ದರೂ ಕರೆದರೆ ಅಥವಾ ಮೆಲ್ಲಗೆ ತಟ್ಟಿದರೆ ಅರ್ಥಪೂರ್ಣವಾಗಿ ಪ್ರತಿಕ್ರಿಯಿಸುತ್ತದೆ. ಮೂರನೆಯದು ಆಳವಾದ ಮಂಪರು: ಮತ್ತೆ ಮತ್ತೆ ಕರೆದಾಗ ಅಥವಾ ನೋವು ಕೊಟ್ಟಾಗ ಮಾತ್ರ ಪ್ರತಿಕ್ರಿಯೆ ಬರುತ್ತದೆ; ಉಸಿರುದಾರಿಯನ್ನು ತೆರೆದಿಟ್ಟುಕೊಳ್ಳುವ ಶಕ್ತಿ ಕುಗ್ಗಿರಬಹುದು. ನಾಲ್ಕನೆಯದು ಪೂರ್ಣ ಅರಿವಳಿಕೆ.

ಪುಸ್ತಕದಲ್ಲಿ ಇವು ನಾಲ್ಕು ಮೆಟ್ಟಿಲುಗಳಂತೆ ಕಂಡರೂ ದೇಹದಲ್ಲಿ ಮೆಟ್ಟಿಲುಗಳಿಲ್ಲ, ಇರುವುದು ಇಳಿಜಾರು. ಅದೇ ಔಷಧ, ಅದೇ ತೂಕಕ್ಕೆ ಅದೇ ಪ್ರಮಾಣ, ಒಂದು ಮಗುವನ್ನು ಎರಡನೆಯ ಹಂತದಲ್ಲಿ ನಿಲ್ಲಿಸಬಹುದು, ಇನ್ನೊಂದನ್ನು ಮೂರನೆಯ ಹಂತಕ್ಕೆ ಜಾರಿಸಬಹುದು. ಮಾರ್ಗಸೂಚಿಯ ಅತ್ಯುತ್ತಮ ವಿಚಾರ ಹುಟ್ಟುವುದು ಇಲ್ಲಿಯೇ. ವೈದ್ಯರು ಯಾವ ಹಂತವನ್ನು ಉದ್ದೇಶಿಸಿದ್ದಾರೋ ಅದಕ್ಕಿಂತ ಒಂದು ಹಂತ ಆಳಕ್ಕೆ ಮಗು ಜಾರಿದರೂ ಅದನ್ನು ಮೇಲೆತ್ತುವ ಕೌಶಲ ಅವರಿಗಿರಬೇಕು ಎನ್ನುತ್ತದೆ ಅದು. ಹಿಂದೆ ಬಳಕೆಯಲ್ಲಿದ್ದ 'ಪ್ರಜ್ಞೆಯುಳ್ಳ ಮಂಪರು' ಎಂಬರ್ಥದ ಪದವನ್ನು 2002ರಲ್ಲಿ ಕೈಬಿಟ್ಟದ್ದೂ ಸರಿಯಾದ ಹೆಜ್ಜೆ. ಆ ಹೆಸರು ಕೇಳಿದವರಿಗೆ ಅಪಾಯವೇ ಇಲ್ಲವೆಂಬ ಭಾವನೆ ಬರುತ್ತಿತ್ತು.

ನಮ್ಮ 'ನಿದ್ದೆ ಔಷಧಿ' ಎಂಬ ಮಾತಿಗೂ ಇದೇ ದೋಷವಿದೆ. ಸಹಜ ನಿದ್ದೆಯಲ್ಲಿ ಮಗುವಿನ ಗದ್ದ ಎದೆಗೆ ಒತ್ತಿ ಉಸಿರು ಕಟ್ಟಿದರೆ ಅದು ಕೊಸರಾಡುತ್ತದೆ, ಎಚ್ಚರಗೊಳ್ಳುತ್ತದೆ. ಮಂಪರು ಮೊದಲು ಕುಂದಿಸುವ ಶಕ್ತಿಗಳಲ್ಲಿ ಇದೂ ಒಂದು. ಉಸಿರು ಕಟ್ಟಿದ ಮಗು ಕೊಸರಾಡದೆಯೇ ಇರಬಹುದು. ನೋಡುವವರಿಗೆ ಅದು 'ಚೆನ್ನಾಗಿ ಮಲಗಿದೆ' ಎಂದೇ ಕಾಣುತ್ತದೆ.

ಕಿರಿದಾದ ನಾಳ, ಕಡಿಮೆ ದಾಸ್ತಾನು

ಮಗುವನ್ನು ಸಣ್ಣ ಗಾತ್ರದ ವಯಸ್ಕ ಎಂದು ತಿಳಿಯಬಾರದು ಎಂಬ ಮಾತನ್ನು ನೀವು ಕೇಳಿರಬಹುದು. ಇದಕ್ಕೆ ಭೌತಶಾಸ್ತ್ರದ ಆಧಾರವಿದೆ. ನಾಳದಲ್ಲಿ ಗಾಳಿ ಸರಾಗವಾಗಿ ಹರಿಯುವಾಗ ಪ್ರತಿರೋಧವು ತ್ರಿಜ್ಯದ ನಾಲ್ಕನೆಯ ಘಾತಕ್ಕೆ ವಿಲೋಮವಾಗಿರುತ್ತದೆ. 4 ಮಿಲಿಮೀಟರ್ ವ್ಯಾಸದ ಶಿಶುವಿನ ಉಸಿರುನಾಳದ ಒಳಗೋಡೆ ಸುತ್ತಲೂ 1 ಮಿಲಿಮೀಟರ್ ಊದಿಕೊಂಡರೆ ಉಳಿಯುವ ವ್ಯಾಸ 2 ಮಿಲಿಮೀಟರ್. ತ್ರಿಜ್ಯ ಅರ್ಧವಾದ್ದರಿಂದ ಪ್ರತಿರೋಧ 16 ಪಟ್ಟು ಹೆಚ್ಚುತ್ತದೆ. 8 ಮಿಲಿಮೀಟರ್ ವ್ಯಾಸದ ನಾಳದಲ್ಲಿ ಅಷ್ಟೇ ಊತ ಉಂಟಾದರೆ ಪ್ರತಿರೋಧ ಹೆಚ್ಚುವುದು ಸುಮಾರು 3 ಪಟ್ಟು ಮಾತ್ರ. ನೆಗಡಿ, ಕೆಮ್ಮು ಇರುವ ಮಗುವಿಗೆ ಮಂಪರನ್ನು ಮುಂದೂಡಲು ವೈದ್ಯರು ಏಕೆ ಹೇಳುತ್ತಾರೆ ಎಂಬುದು ಇದರಿಂದ ಸ್ಪಷ್ಟವಾಗುತ್ತದೆ.

ಇದರ ಜೊತೆಗೆ ಮಗುವಿನ ನಾಲಿಗೆ ಬಾಯಿಯ ಅಳತೆಗೆ ದೊಡ್ಡದು, ಹಿಂದಲೆ ದೊಡ್ಡದು. ಅಂಗಾತ ಮಲಗಿಸಿದಾಗ ಕತ್ತು ಮುಂದಕ್ಕೆ ಬಾಗುತ್ತದೆ. ಟಾನ್ಸಿಲ್ ಊದಿಕೊಂಡು ರಾತ್ರಿ ಗೊರಕೆ ಹೊಡೆಯುವ ಮಗುವಿನಲ್ಲಿ ದಾರಿ ಇನ್ನೂ ಕಿರಿದು. ತೂಕದ ಪ್ರತಿ ಕಿಲೋಗ್ರಾಂಗೆ ಶಿಶು ಬಳಸುವ ಆಮ್ಲಜನಕ ವಯಸ್ಕರದಕ್ಕಿಂತ ಸುಮಾರು ಎರಡರಷ್ಟು. ಶ್ವಾಸಕೋಶದಲ್ಲಿ ಉಳಿದಿರುವ ದಾಸ್ತಾನಾದರೋ ಕಡಿಮೆ. ಹೀಗಾಗಿ ಉಸಿರು ನಿಂತ ಮಗುವಿನ ಮೈ ಬೇಗ ನೀಲಿಗಟ್ಟುತ್ತದೆ. ಮಕ್ಕಳಲ್ಲಿ ಹೃದಯ ನಿಲ್ಲುವುದು ಬಹುಮಟ್ಟಿಗೆ ಉಸಿರು ನಿಂತ ನಂತರ. ಆ ನಡುವಿನ ಕೆಲವು ನಿಮಿಷಗಳಲ್ಲಿ ಯಾರಾದರೂ ಗಮನಿಸಿ ಗದ್ದವನ್ನು ಮೇಲೆತ್ತಿ, ಬೇಕಾದರೆ ಮಾಸ್ಕ್ ಮತ್ತು ಬ್ಯಾಗ್‌ನಿಂದ ಉಸಿರು ಕೊಟ್ಟರೆ ಬಹುಪಾಲು ಮಕ್ಕಳು ಉಳಿಯುತ್ತಾರೆ.

ಸಾವುಗಳಿಂದ ಹುಟ್ಟಿದ ದಾಖಲೆ

ಈ ಮಾರ್ಗಸೂಚಿಯ ಮೊದಲ ಆವೃತ್ತಿ 1985ರದು. ಅಮೆರಿಕದ ಒಂದೇ ದಂತ ಚಿಕಿತ್ಸಾಲಯದಲ್ಲಿ ಮೂರು ಮಕ್ಕಳು ಸತ್ತ ವರದಿಗಳು ಅದಕ್ಕೆ ಕಾರಣ. ನಂತರ ಅದು ಹಲವು ಬಾರಿ ಪರಿಷ್ಕರಣಗೊಂಡಿತು. ಪರಿಷ್ಕರಣಗಳ ಹಿಂದಿನ ಮುಖ್ಯ ಆಧಾರಗಳಲ್ಲಿ ಕೋಟೆ ಮತ್ತು ಸಂಗಡಿಗರು 2000ದಲ್ಲಿ ಪ್ರಕಟಿಸಿದ ಅಧ್ಯಯನವೂ ಒಂದು. ಅವರು ಮಂಪರಿಗೆ ಸಂಬಂಧಿಸಿದ 95 ಅವಘಡಗಳನ್ನು ಬಿಡಿಸಿ ನೋಡಿದರು. 51 ಮಕ್ಕಳು ಸತ್ತಿದ್ದರು, 9 ಮಕ್ಕಳ ನರಮಂಡಲಕ್ಕೆ ಶಾಶ್ವತ ಹಾನಿಯಾಗಿತ್ತು, 21 ಮಕ್ಕಳು ಹೆಚ್ಚು ದಿನ ಆಸ್ಪತ್ರೆಯಲ್ಲಿರಬೇಕಾಯಿತು, 14 ಮಕ್ಕಳಿಗೆ ಹಾನಿಯಾಗಲಿಲ್ಲ. ಆಸ್ಪತ್ರೆಯಿಂದ ಹೊರಗೆ ನಡೆದ ಪ್ರಕರಣಗಳಲ್ಲಿ ಸಾವು ಮತ್ತು ಶಾಶ್ವತ ಹಾನಿಯ ಪಾಲು ಬಹಳ ಹೆಚ್ಚಾಗಿತ್ತು. ಕಾರಣ, ತೊಂದರೆ ಶುರುವಾದ ಮೇಲೆ ಅದನ್ನು ನಿಭಾಯಿಸುವವರು ಅಲ್ಲಿರಲಿಲ್ಲ.

ಅದೇ ತಂಡ ಔಷಧಗಳನ್ನು ಪ್ರತ್ಯೇಕವಾಗಿ ಪರಿಶೀಲಿಸಿದಾಗ ಇನ್ನೊಂದು ಸಂಗತಿ ಹೊರಬಂತು. ಅನಾಹುತಕ್ಕೂ ಔಷಧದ ವರ್ಗಕ್ಕೂ ನೇರ ನಂಟು ಕಾಣಲಿಲ್ಲ. ಬಾಯಿಂದ ಕೊಟ್ಟರೂ ಸೂಜಿಯಿಂದ ಕೊಟ್ಟರೂ ಅವಘಡಗಳಾಗಿದ್ದವು. ನಂಟು ಕಂಡದ್ದು ಮಿತಿಮೀರಿದ ಪ್ರಮಾಣಕ್ಕೆ, ಹಲವು ಔಷಧಗಳನ್ನು ಕೂಡಿಸಿ ಕೊಡುವುದಕ್ಕೆ, ವೈದ್ಯಕೀಯ ಮೇಲ್ವಿಚಾರಣೆ ಇಲ್ಲದೆ ಕೊಡುವುದಕ್ಕೆ. ಮನೆಯಲ್ಲೇ ಔಷಧ ಕುಡಿಸಿಕೊಂಡು ಬಂದ ಮಕ್ಕಳು, ಚಿಕಿತ್ಸೆ ಮುಗಿಸಿ ಕಾರಿನಲ್ಲಿ ಹಿಂದಿರುಗುತ್ತಿದ್ದ ಮಕ್ಕಳು ಸಹ ಆ ಪಟ್ಟಿಯಲ್ಲಿದ್ದರು.

ಈ ಅಧ್ಯಯನಕ್ಕೆ ಒಂದು ಮಿತಿಯಿದೆ. ಅದು ಕೆಟ್ಟುಹೋದ ಪ್ರಕರಣಗಳನ್ನಷ್ಟೇ ಸಂಗ್ರಹಿಸಿತು. ಒಟ್ಟು ಎಷ್ಟು ಮಕ್ಕಳಿಗೆ ಮಂಪರು ಕೊಡಲಾಯಿತು ಎಂಬ ಛೇದ ಅದರಲ್ಲಿಲ್ಲ. ಆದ್ದರಿಂದ ಅಪಾಯದ ದರವನ್ನು ಅದರಿಂದ ಲೆಕ್ಕ ಹಾಕಲಾಗದು. ಈ ಕೊರತೆಯನ್ನು ತುಂಬಿದ್ದು 2006ರಲ್ಲಿ ಪ್ರಕಟವಾದ ಇನ್ನೊಂದು ಅಧ್ಯಯನ. ಶಸ್ತ್ರಕ್ರಿಯಾ ಕೊಠಡಿಯ ಹೊರಗೆ ಕೊಟ್ಟ 30,037 ಮಂಪರುಗಳನ್ನು 26 ಸಂಸ್ಥೆಗಳು ದಾಖಲಿಸಿದವು. ಒಂದೂ ಸಾವು ಸಂಭವಿಸಲಿಲ್ಲ. ಹೃದಯವನ್ನು ಒತ್ತಿ ಬದುಕಿಸಬೇಕಾದ ಸಂದರ್ಭ ಒಂದೇ. ಆದರೆ ರಕ್ತದ ಆಮ್ಲಜನಕ ಶೇಕಡ 90ಕ್ಕಿಂತ ಕೆಳಗೆ ಇಳಿದು ಅರ್ಧ ನಿಮಿಷಕ್ಕೂ ಹೆಚ್ಚು ಹೊತ್ತು ಅಲ್ಲಿಯೇ ಉಳಿದ ಘಟನೆಗಳು ಪ್ರತಿ 10,000ಕ್ಕೆ 157 ಇದ್ದವು. ಈ ಎರಡು ಅಂಕಿಗಳನ್ನು ನೀವು ಜೊತೆಯಾಗಿ ಓದಬೇಕು. ತರಬೇತಿ ಪಡೆದ ತಂಡಗಳ ಕೈಯಲ್ಲೂ ಉಸಿರು ತಗ್ಗುವುದು ಅಪರೂಪವಲ್ಲ. ಅದು ಸಾವಾಗದಂತೆ ತಡೆದದ್ದು ಪಕ್ಕದಲ್ಲಿ ನಿಂತು ನೋಡುತ್ತಿದ್ದವರು.

ಕೋಣೆಯ ಒಳಗೆ ಗಟ್ಟಿ

ಮಾರ್ಗಸೂಚಿಯ ಒಳ್ಳೆಯ ಭಾಗಗಳೆಲ್ಲ ಈ 'ನೋಡುವವರ' ಸುತ್ತ ಇವೆ. ಆಳವಾದ ಮಂಪರಿನಲ್ಲಿ ಒಬ್ಬರು ಮಗುವನ್ನು ಗಮನಿಸುವುದನ್ನು ಬಿಟ್ಟು ಬೇರೆ ಯಾವ ಕೆಲಸವನ್ನೂ ಮಾಡುವಂತಿಲ್ಲ. ಐದೈದು ನಿಮಿಷಕ್ಕೊಮ್ಮೆ ನಾಡಿ, ಉಸಿರು, ಆಮ್ಲಜನಕದ ಮಟ್ಟ, ರಕ್ತದೊತ್ತಡವನ್ನು ಬರೆದಿಡಬೇಕು. 2019ರ ಆವೃತ್ತಿ ದಂತ ಚಿಕಿತ್ಸಾಲಯಗಳ ಬಗ್ಗೆ ಬಿಗಿಯಾಯಿತು. ಅಲ್ಲಿ ಆಳವಾದ ಮಂಪರು ಕೊಡುವಾಗ ಮಕ್ಕಳ ಜೀವರಕ್ಷಣಾ ತರಬೇತಿ ಪಡೆದ ಇಬ್ಬರಾದರೂ ಇರಬೇಕು. ಔಷಧ ಕೊಟ್ಟು ಗಮನಿಸುವವರು ಬೇರೆ, ಹಲ್ಲಿನ ಕೆಲಸ ಮಾಡುವವರು ಬೇರೆ ಆಗಿರಬೇಕು. ಅಮೆರಿಕದಲ್ಲಿ 1980ರಿಂದ 2011ರವರೆಗೆ ಹಲ್ಲಿನ ಚಿಕಿತ್ಸೆಯ ಮಂಪರು ಮತ್ತು ಅರಿವಳಿಕೆಯಲ್ಲಿ ಸತ್ತ ಮಕ್ಕಳ ಬಗ್ಗೆ ಬಂದ ಮಾಧ್ಯಮ ವರದಿಗಳನ್ನು ಸಂಶೋಧಕರು ಒಟ್ಟುಗೂಡಿಸಿದಾಗ 44 ಸಾವುಗಳು ಸಿಕ್ಕವು. ಅವರಲ್ಲಿ 21 ಮಕ್ಕಳು 2ರಿಂದ 5 ವರ್ಷದವರು. ಈ ಹಿನ್ನೆಲೆಯಲ್ಲಿ ನಿಯಮ ಬಿಗಿಯಾದದ್ದು ನ್ಯಾಯವೇ. ಇಂಗ್ಲೆಂಡ್ ಇದಕ್ಕಿಂತ ಮುಂದೆ ಹೋಗಿತ್ತು. ಹಲ್ಲಿಗಾಗಿ ಪೂರ್ಣ ಅರಿವಳಿಕೆ ಕೊಡುವುದನ್ನು 2001ರ ಅಂತ್ಯದಿಂದ ಅದು ಆಸ್ಪತ್ರೆಗಳಿಗೆ ಮಾತ್ರ ಸೀಮಿತಗೊಳಿಸಿತು.

ಔಷಧ ಕೊಡುವ ಮೊದಲೇ ಕೈಗೆಟಕುವಂತೆ ಇರಬೇಕಾದ ವಸ್ತುಗಳ ಪಟ್ಟಿಯೂ ಉಪಯುಕ್ತ: ಬಾಯಿಯ ಎಂಜಲು, ವಾಂತಿ ಹೀರುವ ಸಕ್ಷನ್ ಯಂತ್ರ, ಆಮ್ಲಜನಕ, ಮಗುವಿನ ಅಳತೆಯ ಮಾಸ್ಕ್, ಬ್ಯಾಗ್ ಮತ್ತು ಉಸಿರುದಾರಿಯ ನಳಿಕೆಗಳು, ತುರ್ತು ಔಷಧಗಳು, ಗಮನಿಸುವ ಉಪಕರಣಗಳು, ಆಯಾ ಕೆಲಸಕ್ಕೆ ಬೇಕಾದ ವಿಶೇಷ ಸಾಧನಗಳು.

ಆದರೆ ಕೋಣೆಯ ಒಳಗಿನ ಎರಡು ವಿಷಯಗಳಲ್ಲಿ ತಕರಾರಿದೆ. ಮಧ್ಯಮ ಮಂಪರಿನಲ್ಲಿ ಗಮನಿಸುವ ವ್ಯಕ್ತಿ ನಡುವೆ ಸಣ್ಣಪುಟ್ಟ, ಕೂಡಲೇ ಬಿಡಬಹುದಾದ ಕೆಲಸಗಳನ್ನು ಮಾಡಬಹುದು ಎಂದು ಮಾರ್ಗಸೂಚಿ ರಿಯಾಯಿತಿ ಕೊಡುತ್ತದೆ. ಒಬ್ಬರೇ ಸಹಾಯಕರಿರುವ ಚಿಕ್ಕ ಕ್ಲಿನಿಕ್ಕನ್ನು ನೆನೆಯಿರಿ. ಸಿಮೆಂಟ್ ಕಲೆಸುವವರು, ಸಕ್ಷನ್ ಹಿಡಿಯುವವರು, ಫೋನ್ ಎತ್ತುವವರು, ಮುಂದಿನ ರೋಗಿಯ ಹೆಸರು ಕರೆಯುವವರು ಎಲ್ಲ ಅವರೇ. ಇಂಥ ಕಡೆ ಆ ರಿಯಾಯಿತಿ ನಿಯಮವನ್ನೇ ನುಂಗಿಬಿಡುತ್ತದೆ. ಇಳಿಜಾರಿನ ವಿಚಾರವನ್ನು ಅಷ್ಟು ಚೆನ್ನಾಗಿ ಹೇಳಿದ ದಾಖಲೆ ಇಲ್ಲಿ ಸಡಿಲವಾಗಬಾರದಿತ್ತು.

ಎರಡನೆಯದು ಉಪಕರಣಗಳ ವಿಷಯ. ಕೋವಿಡ್ ಕಾಲದಲ್ಲಿ ಪಲ್ಸ್ ಆಕ್ಸಿಮೀಟರ್ ನಮ್ಮ ಹಳ್ಳಿಗಳಿಗೂ ಬಂತು. ಆಶಾ ಕಾರ್ಯಕರ್ತೆಯರ ಕೈಯಲ್ಲಿ ಅದನ್ನು ನೀವು ನೋಡಿದ್ದೀರಿ. ಆದರೆ ಅದು ಅಳೆಯುವುದು ರಕ್ತದ ಆಮ್ಲಜನಕವನ್ನು, ಉಸಿರಾಟವನ್ನಲ್ಲ. ಮೂಗಿಗೆ ಆಮ್ಲಜನಕ ಕೊಡುತ್ತಿರುವ ಮಗುವಿನ ಉಸಿರು ನಿಂತರೂ ಅಂಕಿ ಕೆಲಕಾಲ ಚೆನ್ನಾಗಿಯೇ ಇರುತ್ತದೆ. ವಯಸ್ಕರ ಬೆರಳಿಗಾಗಿ ಮಾಡಿದ ಕ್ಲಿಪ್ ಚಿಕ್ಕ ಬೆರಳಿಗೆ ಸರಿಯಾಗಿ ಕೂರದೆ ತಪ್ಪು ಅಂಕಿಯನ್ನೂ ತೋರಿಸಬಹುದು. ಉಸಿರು ಹೊರಬಿಡುವ ಇಂಗಾಲದ ಡೈ ಆಕ್ಸೈಡನ್ನು ಅಳೆಯುವ ಕ್ಯಾಪ್ನೋಗ್ರಾಫ್ ಉಸಿರು ನಿಂತದ್ದನ್ನು ಕೂಡಲೇ ತಿಳಿಸುತ್ತದೆ. ಮಾರ್ಗಸೂಚಿ ಅದನ್ನೇ ಮುಂದಿಡುತ್ತದೆ. ಅದಿಲ್ಲದ ಕಡೆ ಎದೆಯ ಮೇಲೆ ಅಥವಾ ಕತ್ತಿನ ಮೇಲೆ ಸ್ಟೆತಾಸ್ಕೋಪ್ ಇಟ್ಟು ಉಸಿರನ್ನು ಕೇಳುತ್ತಿರುವುದಕ್ಕೂ ಒಪ್ಪಿಗೆ ಕೊಡುತ್ತದೆ, ಆದರೆ ಪರ್ಯಾಯವಾಗಿ ಒಂದೆರಡು ಮಾತಿನಲ್ಲಿ ಮಾತ್ರ. ನಮಗೆ ಬೇಕಾದ ಪಾಠ ಅಲ್ಲಿಯೇ ಇದೆ. ಸ್ಟೆತಾಸ್ಕೋಪ್ ಇಲ್ಲದ ಕ್ಲಿನಿಕ್ ಇಲ್ಲ.

ಉಸಿರನ್ನು ನೋಡಿ ಎಂಬ ಮಾತು ನಮ್ಮ ಸೀಮೆಗೆ ಹೊಸದಲ್ಲ. 1888 ಮತ್ತು 1889ರಲ್ಲಿ ಹೈದರಾಬಾದಿನಲ್ಲಿ ನಿಜಾಮರ ನೆರವಿನಿಂದ ಎರಡು ಕ್ಲೋರೋಫಾರಂ ಆಯೋಗಗಳು ನಡೆದವು. ಅದರ ಮುಂದಾಳು ಎಡ್ವರ್ಡ್ ಲಾರಿ, ನಾಡಿಗಿಂತ ಉಸಿರಿನ ಮೇಲೆ ಕಣ್ಣಿಡಬೇಕೆಂದು ಪಟ್ಟು ಹಿಡಿದರು. ಕ್ಲೋರೋಫಾರಂ ಹೃದಯವನ್ನು ನೇರವಾಗಿ ನಿಲ್ಲಿಸುವುದಿಲ್ಲವೆಂಬ ಅವರ ತೀರ್ಮಾನ ಮುಂದೆ ತಪ್ಪೆಂದು ಸಾಬೀತಾಯಿತು. ಉಸಿರನ್ನು ನೋಡುವ ಶಿಸ್ತು ಮಾತ್ರ ಮಕ್ಕಳ ಮಟ್ಟಿಗೆ ಇಂದಿಗೂ ನಿಂತಿದೆ.

ಬಾಗಿಲಿನಾಚೆ ಏನು?

ಈಗ ಕೋಣೆಯಿಂದ ಹೊರಗೆ ಬರೋಣ. ಮೊದಲ ಕೊರತೆ ಹಸಿವಿಗೆ ಸಂಬಂಧಿಸಿದ್ದು. ವಾಂತಿ ಶ್ವಾಸಕೋಶಕ್ಕೆ ಇಳಿಯಬಾರದೆಂದು ಮಗುವಿಗೆ ಹೊಟ್ಟೆ ಖಾಲಿ ಇರಬೇಕು. ತಿಳಿಯಾದ ದ್ರವಕ್ಕೆ 2 ಗಂಟೆ, ಎದೆಹಾಲಿಗೆ 4 ಗಂಟೆ, ಬೇರೆ ಹಾಲು ಮತ್ತು ಲಘು ಆಹಾರಕ್ಕೆ 6 ಗಂಟೆ, ಕರಿದ ಹಾಗೂ ಜಿಡ್ಡಿನ ಆಹಾರಕ್ಕೆ 8 ಗಂಟೆ ಅಂತರ ಎಂಬುದು ಸಾಮಾನ್ಯ ಸೂತ್ರ. ಆಸ್ಪತ್ರೆಯ ಪಕ್ಕದ ಬಡಾವಣೆಯವರಿಗೆ ಇದು ಸುಲಭ. ಸಾತನೂರಿನ ಸುತ್ತಿನ ಹಳ್ಳಿಯವರು ಬೆಳಗಿನ ಮೊದಲ ಬಸ್ಸಿಗೆ ಹೊರಟು, ಸರದಿಯಲ್ಲಿ ಕುಳಿತು, ಕರೆ ಬರುವ ಹೊತ್ತಿಗೆ ಮಗುವಿನ ಉಪವಾಸ 10-12 ಗಂಟೆ ದಾಟಿರುತ್ತದೆ. ಅಳುವ ಮಗುವಿಗೆ ಬಸ್ ನಿಲ್ದಾಣದಲ್ಲಿ ಯಾರಾದರೂ ಒಂದು ಬನ್ ಕೊಟ್ಟರೆ, ಪರೀಕ್ಷೆ ತಪ್ಪಿಹೋದೀತೆಂದು ತಾಯಿ ಅದನ್ನು ಹೇಳದೆ ಇರಬಹುದು. ತಪ್ಪು ತಾಯಿಯದಲ್ಲ. 'ರಾತ್ರಿಯಿಂದ ಏನೂ ಕೊಡಬೇಡಿ' ಎಂಬ ಒಂದೇ ಮಾತನ್ನು ಎಲ್ಲರಿಗೂ ಹೇಳುವುದು ತಪ್ಪು. ಮಗುವಿನ ಸರದಿ ಎಷ್ಟು ಗಂಟೆಗೆ, ನೀರನ್ನು ಎಷ್ಟು ಗಂಟೆಯವರೆಗೆ ಕೊಡಬಹುದು ಎಂದು ಚೀಟಿಯಲ್ಲಿ ಬರೆದುಕೊಡಬೇಕು. ಮಜ್ಜಿಗೆ, ರಾಗಿ ಗಂಜಿ, ಹಾಲು ಹಾಕಿದ ಕಾಫಿ ತಿಳಿಯಾದ ದ್ರವಗಳಲ್ಲ ಎಂಬುದನ್ನೂ ಹೇಳಬೇಕು.

ಎರಡನೆಯದು ಔಷಧದ ವಿಷಯ. ಅಮೆರಿಕದಲ್ಲಿ ಕ್ಲೋರಲ್ ಹೈಡ್ರೇಟ್ ದ್ರಾವಣದ ವಾಣಿಜ್ಯ ತಯಾರಿಕೆ 2012ರಲ್ಲಿ ನಿಂತಿತು. ನಮ್ಮಲ್ಲಿ ಅದೇ ಕುಟುಂಬದ ಟ್ರೈಕ್ಲೋಫಾಸ್ ಸಿರಪ್ ವ್ಯಾಪಕ ಬಳಕೆಯಲ್ಲಿದೆ. ದೇಹದಲ್ಲಿ ಇವೆರಡೂ ಟ್ರೈಕ್ಲೋರೋಎಥನಾಲ್ ಆಗಿ ಮಾರ್ಪಟ್ಟು ಕೆಲಸ ಮಾಡುತ್ತವೆ. ಇದರ ಅರ್ಧಾಯು ಸುಮಾರು 8ರಿಂದ 12 ಗಂಟೆ. ಎಳೆಯ ಶಿಶುಗಳಲ್ಲಿ ಇನ್ನೂ ಹೆಚ್ಚು. ಹೋಲಿಕೆಗೆ ಹೇಳುವುದಾದರೆ ಮಿಡಾಜೋಲಾಮ್‌ನದು ಸುಮಾರು 2 ಗಂಟೆ. ಅರ್ಧ ಗಂಟೆಯ ಪರೀಕ್ಷೆಗೆಂದು ಕುಡಿಸಿದ ಸಿರಪ್ಪಿನ ಅರ್ಧಭಾಗ ಸಂಜೆ ಮನೆ ತಲುಪಿದಾಗಲೂ ಮೈಯಲ್ಲಿರಬಹುದು ಎಂದಾಯಿತು. ದೀರ್ಘಕಾಲ ಉಳಿಯುವ ಔಷಧ ಕೊಟ್ಟಾಗ ಹೆಚ್ಚು ಹೊತ್ತು ಗಮನಿಸಬೇಕೆಂದು ಮಾರ್ಗಸೂಚಿ ಹೇಳುತ್ತದೆ, ಮನೆಯಲ್ಲಿ ಔಷಧ ಕುಡಿಸುವುದನ್ನು ನಿಷೇಧಿಸುತ್ತದೆ. ಇವೆರಡೂ ಸರಿ. ಆದರೆ ನಮ್ಮ ಮನೆಗಳಲ್ಲಿ ಉಳಿದ ಬಾಟಲಿಯ ಸಮಸ್ಯೆಯೂ ಇದೆ. ಪರೀಕ್ಷೆಗೆಂದು ಅಂಗಡಿಯಿಂದ ತಂದ ಸಿರಪ್ ಮಿಕ್ಕಿದ್ದರೆ ಅದನ್ನು ಹಟ ಮಾಡುವ ಮಗುವಿಗೋ ಅದರ ತಮ್ಮನಿಗೋ ಒಂದು ಚಮಚ ಕುಡಿಸುವ ಯೋಚನೆ ಬಾರದಿರಲಿ. ಈ ಔಷಧದ ಪ್ರಮಾಣ ನಿರ್ಧಾರವಾಗುವುದು ಅಂದಿನ ತೂಕದಿಂದ ಮತ್ತು ಮಿಲಿಲೀಟರಿನಿಂದ. ಅಡುಗೆಮನೆಯ ಚಮಚಕ್ಕೆ ಅಳತೆಯಿಲ್ಲ. ಮಗು ಮಲಗಲಿಲ್ಲವೆಂದು ಎರಡನೆಯ ಬಾರಿ ಕೊಡುವುದನ್ನೂ ವೈದ್ಯರೇ ತೀರ್ಮಾನಿಸಬೇಕು. ಏಕೆಂದರೆ ಮೊದಲನೆಯದು ಇನ್ನೂ ಏರುತ್ತಿರಬಹುದು. ನೆಗಡಿ, ವಾಂತಿಗೆ ಬಳಸುವ ಪ್ರೊಮೆಥಜೀನ್ ಸಹ ನಿದ್ದೆ ಬರಿಸುತ್ತದೆ. ಉಸಿರು ಕುಗ್ಗಿ ಸಾವು ಸಂಭವಿಸಿದ್ದರಿಂದ, 2 ವರ್ಷದೊಳಗಿನ ಮಕ್ಕಳಿಗೆ ಅದನ್ನು ಕೊಡಬಾರದೆಂದು ಅಮೆರಿಕದ ಔಷಧ ನಿಯಂತ್ರಕರು 2004ರಲ್ಲಿ ಎಚ್ಚರಿಕೆ ಹೊರಡಿಸಿದರು.

ಮೂರನೆಯದು ಹಿಂದಿರುಗುವ ದಾರಿ. ಮಗುವನ್ನು ಕಾರಿನ ಮಕ್ಕಳ ಆಸನದಲ್ಲಿ ಕರೆದೊಯ್ಯುವುದಾದರೆ ಇಬ್ಬರು ವಯಸ್ಕರಿರುವುದು ಲೇಸು, ಒಬ್ಬರು ಓಡಿಸಲು, ಇನ್ನೊಬ್ಬರು ಮಗುವನ್ನು ನೋಡಲು ಎನ್ನುತ್ತದೆ ಮಾರ್ಗಸೂಚಿ. ಒಳ್ಳೆಯ ಮಾತು. ಆದರೆ ನಮ್ಮ ಮಗು ಹಿಂದಿರುಗುವುದು ತಾಯಿಯ ತೊಡೆಯ ಮೇಲೆ, ಬಸ್ಸಿನ ಕಿಟಕಿಯ ಪಕ್ಕ. ಇಲ್ಲವೆ ಬೈಕಿನಲ್ಲಿ ಇಬ್ಬರ ನಡುವೆ ಸಿಕ್ಕಿಕೊಂಡು. ಗಾಳಿ ಹೊಡೆಯದಿರಲೆಂದು ತಾಯಿ ಸೆರಗನ್ನು ಮುಖದ ಮೇಲೆ ಎಳೆಯುತ್ತಾಳೆ. ಗದ್ದ ಎದೆಗೆ ಬಾಗಿರುತ್ತದೆ, ಮುಖ ಕಾಣುವುದಿಲ್ಲ, ಮಗು ಕೊಸರಾಡುವುದಿಲ್ಲ. ಮೇಲೆ ಹೇಳಿದ ಅಪಾಯಗಳೆಲ್ಲ ಪ್ರೀತಿಯಿಂದ ಹಾಸಿದ ಆ ಸೆರಗಿನಡಿ ಸೇರಿಬಿಡುತ್ತವೆ. ಈ ದೃಶ್ಯಕ್ಕೆ ಮಾರ್ಗಸೂಚಿಯಲ್ಲಿ ಜಾಗವಿಲ್ಲ.

ನಾಲ್ಕನೆಯದು ಮತ್ತು ಎಲ್ಲಕ್ಕಿಂತ ಮುಖ್ಯವಾದದ್ದು ದೂರ. ಆಸ್ಪತ್ರೆಯಲ್ಲದ ಕಡೆ ಮಂಪರು ಕೊಡುವವರು ಆಂಬುಲೆನ್ಸ್ ಸೇವೆಯೊಡನೆ ಮೊದಲೇ ವ್ಯವಸ್ಥೆ ಮಾಡಿಕೊಂಡಿರಬೇಕು, ಅದು ಬರುವವರೆಗೆ ಮಗುವನ್ನು ಉಳಿಸಿಕೊಳ್ಳುವ ಶಕ್ತಿ ಇರಬೇಕು ಎಂಬುದು ದಾಖಲೆಯ ನಿಲುವು. ಕರ್ನಾಟಕದಲ್ಲಿ 108 ಆಂಬುಲೆನ್ಸ್ ಸೇವೆ 2008ರ ನವೆಂಬರಿನಿಂದ ಇದೆ. ಅನೇಕ ಜೀವಗಳನ್ನು ಅದು ಉಳಿಸಿದೆ. ಆದರೆ ಆಮ್ಲಜನಕವಿಲ್ಲದ ಮಿದುಳು ಕಾಯುವುದು ನಾಲ್ಕೈದು ನಿಮಿಷ. ಯಾವ ಆಂಬುಲೆನ್ಸೂ ಹೋಬಳಿಯ ಹಳ್ಳಿಯಿಂದ ತಜ್ಞರಿರುವ ಆಸ್ಪತ್ರೆಗೆ ಅಷ್ಟರಲ್ಲಿ ಮುಟ್ಟಿಸಲಾರದು. 'ಬರುವವರೆಗೆ' ಎಂಬ ಪದ ನಗರದಲ್ಲಿ ಹತ್ತು ನಿಮಿಷವಾದರೆ ಇಲ್ಲಿ ಒಂದು ಗಂಟೆಯಾಗಬಹುದು. ಮಾರ್ಗಸೂಚಿ ಈ ಅಂತರವನ್ನು ಲೆಕ್ಕಕ್ಕೆ ತೆಗೆದುಕೊಂಡು ಹಂತಗಳನ್ನು ಬೇರೆ ಮಾಡಿಲ್ಲ. ನಾವು ಸೇರಿಸಿಕೊಳ್ಳಬೇಕಾದ ನಿಯಮ ಸರಳ: ದೊಡ್ಡಾಸ್ಪತ್ರೆಯಿಂದ ದೂರ ಹೆಚ್ಚಿದಷ್ಟೂ ಮಂಪರು ಹಗುರಾಗಬೇಕು. ಹೋಬಳಿ ಮಟ್ಟದ ಕ್ಲಿನಿಕ್ಕಿನಲ್ಲಿ ಸ್ಥಳೀಯ ಅರಿವಳಿಕೆಯ ಸೂಜಿ ಮತ್ತು ಧೈರ್ಯದ ಮಾತುಗಳಷ್ಟೇ ಮಿತಿಯಾಗಿರಲಿ. ಅದಕ್ಕಿಂತ ಹೆಚ್ಚು ಬೇಕಾದ ಮಗುವನ್ನು ಅರಿವಳಿಕೆ ತಜ್ಞರಿರುವ ಕಡೆಗೆ ಕಳುಹಿಸಲಿ. ಖಾಸಗಿ ಕ್ಲಿನಿಕ್ಕುಗಳು ಕರ್ನಾಟಕ ಖಾಸಗಿ ವೈದ್ಯಕೀಯ ಸಂಸ್ಥೆಗಳ ಕಾಯ್ದೆಯಡಿ ನೋಂದಣಿ ಪಡೆದಿರಬೇಕು. ಆದರೆ ನೋಂದಣಿ ಪತ್ರವೊಂದೇ ಮಗುವನ್ನು ನೋಡುವವರಿದ್ದಾರೆ ಎಂಬುದಕ್ಕೆ ಸಾಕ್ಷಿಯಾಗದು.

ಮಂಪರು ಬೇಕೇ ಎಂಬ ಪ್ರಶ್ನೆ

ಗಮನ ಬೇರೆಡೆ ಸೆಳೆಯುವುದು, ಚರ್ಮ ಮರಗಟ್ಟಿಸುವ ಮುಲಾಮು ಮೊದಲಾದವು ಮಂಪರಿನ ಅಗತ್ಯವನ್ನು ತಗ್ಗಿಸುತ್ತವೆ ಎಂದು ಮಾರ್ಗಸೂಚಿ ಒಪ್ಪುತ್ತದೆ. ಆದರೆ ಅಷ್ಟಕ್ಕೇ ನಿಲ್ಲುತ್ತದೆ. ನಮ್ಮಲ್ಲಿ ಬರೆಯುವ ಮಾರ್ಗಸೂಚಿಗೆ ಇದೇ ಮೊದಲ ಅಧ್ಯಾಯವಾಗಬೇಕು.

ಹುಳುಕು ಹಲ್ಲನ್ನೇ ತೆಗೆದುಕೊಳ್ಳಿ. ಬೆಳ್ಳಿಯ ಸಂಯುಕ್ತವಾದ ಸಿಲ್ವರ್ ಡೈಅಮೀನ್ ಫ್ಲೋರೈಡ್ ದ್ರಾವಣವನ್ನು ಹಚ್ಚಿದರೆ ಅನೇಕ ಹಲ್ಲುಗಳಲ್ಲಿ ಹುಳುಕು ಅಲ್ಲಿಗೇ ನಿಲ್ಲುತ್ತದೆ; ಕೊರೆಯಬೇಕಿಲ್ಲ, ಸೂಜಿಯೂ ಬೇಡ. ಹುಳುಕಿನ ಭಾಗ ಕಪ್ಪಾಗುತ್ತದೆ ಎಂಬುದೊಂದೇ ಕುಂದು, ಅದನ್ನು ಪೋಷಕರಿಗೆ ಮೊದಲೇ ಹೇಳಬೇಕು. ವಿಶ್ವ ಆರೋಗ್ಯ ಸಂಸ್ಥೆ ಇದನ್ನೂ ಗ್ಲಾಸ್ ಅಯಾನೊಮರ್ ಸಿಮೆಂಟನ್ನೂ 2021ರಲ್ಲಿ ಅಗತ್ಯ ಔಷಧಗಳ ಪಟ್ಟಿಗೆ ಸೇರಿಸಿತು. ಯಂತ್ರವಿಲ್ಲದೆ ಕೈ ಉಪಕರಣಗಳಿಂದ ಹುಳುಕನ್ನು ಕೆರೆದು ಈ ಸಿಮೆಂಟ್ ತುಂಬುವ ವಿಧಾನವೂ ಇದೆ. 1980ರ ದಶಕದಲ್ಲಿ ಟಾಂಜಾನಿಯಾದ ಹಳ್ಳಿಗಳಿಗಾಗಿ ಅದು ರೂಪುಗೊಂಡಿತು. ಬಾವು ಕಟ್ಟಿದ ಹಲ್ಲಿಗೆ ಇವು ಸಾಲವು. ಆದರೆ ಬೇಗ ಬಂದ ಮಗುವಿಗೆ ಸಾಕಾಗುತ್ತವೆ, ಮಂಪರು ತಪ್ಪುತ್ತದೆ.

ಶ್ರವಣ ಪರೀಕ್ಷೆಗೆ ಎಳೆಯ ಮಗುವನ್ನು ಹಾಲು ಕುಡಿಸಿ ಸಹಜ ನಿದ್ದೆಯಲ್ಲೇ ಪರೀಕ್ಷಿಸಬಹುದು. ಅದಕ್ಕೆ ಮಗುವನ್ನು ಬೆಳಗ್ಗೆ ಬೇಗ ಎಬ್ಬಿಸಿ ಕರೆತನ್ನಿ ಎನ್ನುತ್ತಾರೆ. ಸಾತನೂರಿನ ಮಗು ಬೇಗ ಏಳುತ್ತದೆ. ಬಸ್ಸಿನ ಕುಲುಕಾಟಕ್ಕೆ ದಾರಿಯಲ್ಲೇ ನಿದ್ದೆ ಮುಗಿಸಿ ಆಸ್ಪತ್ರೆಯಲ್ಲಿ ಕಣ್ಣು ಬಿಡುತ್ತದೆ. ಆಗ ಸಿರಪ್ ಬರುತ್ತದೆ. ದೂರದಿಂದ ಬರುವ ಮಕ್ಕಳಿಗೆ ಮಧ್ಯಾಹ್ನದ ನಿದ್ದೆಯ ಹೊತ್ತಿಗೆ ಸರದಿ ಕೊಟ್ಟರೆ ಎಷ್ಟೋ ಸಿರಪ್ ಉಳಿಯುತ್ತದೆ. ಇದಕ್ಕೆ ಹೊಸ ಯಂತ್ರ ಬೇಕಿಲ್ಲ. ಸರದಿ ಪುಸ್ತಕದಲ್ಲಿ ಊರಿನ ಹೆಸರನ್ನು ನೋಡುವ ಅಭ್ಯಾಸ ಬೇಕು.

ನೀವು ಕೇಳಬಹುದಾದದ್ದು

ಮಗುವಿಗೆ ಮಂಪರು ಬೇಕೆಂದು ವೈದ್ಯರು ಹೇಳಿದಾಗ ಹೆದರಿ ಹಿಂದೆ ಸರಿಯುವುದು ಸರಿಯಲ್ಲ. ಕಿವುಡನ್ನು ತಡವಾಗಿ ಪತ್ತೆ ಹಚ್ಚಿದರೆ ಮಗು ಮಾತನ್ನೇ ಕಳೆದುಕೊಳ್ಳುತ್ತದೆ. ಆದರೆ ಕೆಲವು ಪ್ರಶ್ನೆಗಳನ್ನು ಮರ್ಯಾದೆಯಿಂದ ಕೇಳುವುದು ನಿಮ್ಮ ಹಕ್ಕು.

1. ಮಂಪರಿಲ್ಲದೆ ಈ ಕೆಲಸ ಆಗದೇ? ಇನ್ನೊಂದು ದಿನ, ಇನ್ನೊಂದು ಹೊತ್ತಿಗೆ ಬಂದರೆ ಆದೀತೇ?

2. ಮಗುವನ್ನು ಇಂದು ತೂಕ ಮಾಡಿದಿರಾ? ಗೊರಕೆ, ನೆಗಡಿ, ಉಬ್ಬಸ, ಹಿಂದಿನ ಕಾಯಿಲೆ, ಕೊನೆಗೆ ತಿಂದದ್ದು ಏನು, ಎಷ್ಟು ಹೊತ್ತಿಗೆ ಎಂಬುದನ್ನು ಅವರು ಕೇಳದಿದ್ದರೆ ನೀವೇ ಹೇಳಿ.

3. ಕೆಲಸ ನಡೆಯುವಾಗ ಮಗುವಿನ ಉಸಿರನ್ನು ನೋಡುವವರು ಯಾರು? ಅವರಿಗೆ ಆಗ ಬೇರೆ ಕೆಲಸವಿದೆಯೇ?

4. ಆಮ್ಲಜನಕ, ಸಕ್ಷನ್, ಈ ಮಗುವಿನ ಅಳತೆಯ ಮಾಸ್ಕ್ ಮತ್ತು ಬ್ಯಾಗ್ ಇದೇ ಕೋಣೆಯಲ್ಲಿವೆಯೇ?

5. ಯಾವಾಗ ಹೊರಡಬಹುದು? ಗದ್ದಲವಿಲ್ಲದ ಜಾಗದಲ್ಲಿ ಯಾರೂ ಎಬ್ಬಿಸದೆ ಮಗು ಕನಿಷ್ಠ 20 ನಿಮಿಷ ಎಚ್ಚರವಾಗಿರಬೇಕು ಎಂಬುದು ಮಾರ್ಗಸೂಚಿ ಕೊಡುವ ಸುಲಭ ಪರೀಕ್ಷೆ. ಬಸ್ಸಿನ ಹೊತ್ತಾಯಿತೆಂದು ಅದನ್ನು ಬಿಡಬೇಡಿ.

ಹಿಂದಿರುಗುವಾಗ ಮಗುವಿನ ಮುಖ ಸದಾ ಕಾಣುವಂತಿರಲಿ, ಗದ್ದ ಎದೆಗೆ ತಾಗದಿರಲಿ, ಸೆರಗು ಮುಖದಿಂದ ದೂರವಿರಲಿ. ಪೂರ್ತಿ ಎಚ್ಚರವಾಗುವವರೆಗೆ ಹಾಲು, ಊಟ ಬೇಡ. ಬೈಕು ಬೇಡವೇ ಬೇಡ. ಆ ರಾತ್ರಿ ಮಗುವನ್ನು ಪಕ್ಕದಲ್ಲೇ ಮಲಗಿಸಿಕೊಂಡು ಆಗಾಗ ಎಬ್ಬಿಸಿ ನೋಡಿ. ಎಬ್ಬಿಸಲಾಗದಿದ್ದರೆ, ಉಸಿರಿನಲ್ಲಿ ಗೊರ ಗೊರ ಸದ್ದು ಬಂದರೆ, ತುಟಿ ಕಪ್ಪಿಟ್ಟರೆ ಗದ್ದ ಮೇಲೆತ್ತಿ ಕೂಡಲೇ 108ಕ್ಕೆ ಕರೆ ಮಾಡಿ.

ಒಟ್ಟಾರೆ ಹೇಳುವುದಾದರೆ, 2019ರ ಮಾರ್ಗಸೂಚಿ ಗೌರವಕ್ಕೆ ಅರ್ಹವಾದ ದಾಖಲೆ. ಔಷಧದ ಬಾಟಲಿಯಿಂದ ಕಣ್ಣು ತೆಗೆದು ಮಗುವಿನ ಪಕ್ಕ ನಿಂತವರ ಕಡೆ ನೋಡಲು ಅದು ವೈದ್ಯಲೋಕಕ್ಕೆ ಕಲಿಸಿತು. ಆ ಪಾಠ ಚಿಕಿತ್ಸೆಯ ಕೋಣೆಯಲ್ಲಿ ಮುಗಿಯುತ್ತದೆ ಎಂದುಕೊಂಡರೆ ಮಾತ್ರ ನಮಗೆ ಸಾಲದು. ನಮ್ಮ ವೈದ್ಯಕೀಯ ಮತ್ತು ದಂತವೈದ್ಯ ಕಾಲೇಜುಗಳು ಇದನ್ನು ಹಾಗೆಯೇ ಬೋಧಿಸುವ ಬದಲು ದೂರ, ಬಸ್ಸು, ಉಪವಾಸ, ಟ್ರೈಕ್ಲೋಫಾಸ್ ಎಂಬ ನಾಲ್ಕು ಪುಟಗಳನ್ನು ಸೇರಿಸಿ ಕನ್ನಡದಲ್ಲಿ ಪೋಷಕರ ಕೈಗೆ ಕೊಡಬೇಕು. ಆಸ್ಪತ್ರೆಯಿಂದ ಊರಿಗೆ ಮರಳುವ ದಾರಿಯಲ್ಲಿ ಮಗುವನ್ನು ನೋಡುವವರು ತಾಯಿಯೇ. ಏನನ್ನು ನೋಡಬೇಕೆಂದು ಹೇಳಿಕೊಡದೆ ಆಕೆಯನ್ನು ಬಸ್ಸು ಹತ್ತಿಸಬಾರದು.